ಆಸೆ ಹಾಕಿದ ಲೆಕ್ಕ

ಕನ್ನಡವೂ ತಮಿಳೂ ಒಂದನ್ನೊಂದು ಬಿಟ್ಟು ಬೇರೆಯಾದದ್ದು ಯಾವಾಗ ಎಂಬುದನ್ನು ಒಂದು ಪದಪಟ್ಟಿ, ಒಂದು ಸೂತ್ರದಿಂದ ಕಂಡುಹಿಡಿದಿದ್ದೇನೆ ಎಂದು ಒಂದು ಕಾಲದಲ್ಲಿ ನಂಬಿದ್ದೆ. ಸಭೆಯಲ್ಲಿ ಎದ್ದು ನಿಂತು ಶತಮಾನವನ್ನೂ ಹೇಳಿಬಿಟ್ಟೆ. ಬರೀ ಲೆಕ್ಕ ತಪ್ಪಿದ್ದರೆ ತಿದ್ದಿಕೊಂಡು ಸುಮ್ಮನಾಗುತ್ತಿದ್ದೆ. ಲೆಕ್ಕ ಹಾಕಿದ್ದು ನನ್ನ ಆಸೆ ಎಂಬುದು ಆಮೇಲೆ ತಿಳಿಯಿತು. ಅದಕ್ಕೇ ಇದನ್ನು ಬರೆಯುತ್ತಿದ್ದೇನೆ.

ನೌಕರಿಗೆಂದು ವಿಜಯಪುರದ ಕಡೆಯಿಂದ ಪುಣೆಯ ಬಳಿಯ ದೇಹೂ ರೋಡಿಗೆ ಬಂದವನು ನಾನು. ಇದು ದಂಡಿನ ಊರು. ಸೇನೆಯ ಡಿಪೋ, ಮದ್ದುಗುಂಡಿನ ಕಾರ್ಖಾನೆ ಇರುವುದರಿಂದ ನಾನಾ ಕಡೆಯ ಜನ ಇಲ್ಲಿ ಬಂದು ನೆಲೆಸಿದ್ದಾರೆ. ನಮ್ಮ ಸಾಲಿನಲ್ಲೇ ಮರಾಠಿ, ತಮಿಳು, ತೆಲುಗು, ಕನ್ನಡ ನಾಲ್ಕೂ ಕೇಳುತ್ತಿದ್ದವು. ಭಾಷೆಯ ಮಾತು ಬಂದರೆ ವಯಸ್ಸಿನ ಮಾತೂ ಬರುತ್ತಿತ್ತು. ಮರಾಠಿ ಗೆಳೆಯರು 1290ರ ಜ್ಞಾನೇಶ್ವರಿಯನ್ನು, ಪಕ್ಕದ ದೇಹೂವಿನ ತುಕಾರಾಮರನ್ನು ಹೆಮ್ಮೆಯಿಂದ ನೆನೆಯುತ್ತಿದ್ದರು. ತಮಿಳಿಗೆ 2004ರಲ್ಲೇ ಶಾಸ್ತ್ರೀಯ ಭಾಷೆಯ ಸ್ಥಾನ ಸಿಕ್ಕಿತ್ತು. ಕನ್ನಡಕ್ಕೆ ಅದು ಬಂದದ್ದು 2008ರ ಅಕ್ಟೋಬರ್ 31ರಂದು. ಆ ನಾಲ್ಕು ವರ್ಷದ ಅಂತರ ನನ್ನನ್ನು ಕುಟುಕುತ್ತಿತ್ತು. ಒಂದು ಪದ ಹಿಡಿದು ಅದು ಹುಟ್ಟಿದ ಶತಮಾನಕ್ಕೇ ಹೋಗಿ ಬರಬಲ್ಲ ಪಂಡಿತನೊಬ್ಬನನ್ನು ನಾನು ಮನಸ್ಸಿನಲ್ಲೇ ಕಟ್ಟಿಕೊಂಡಿದ್ದೆ. ನಾನೇ ಅವನಾಗಬೇಕೆಂಬ ಹಂಬಲ.

ಅದಕ್ಕೆ ದಾರಿ ತೋರಿಸಿದ್ದು ಮಾರಿಸ್ ಸ್ವಾದೇಶ್ ಎಂಬ ಅಮೆರಿಕದ ಭಾಷಾವಿಜ್ಞಾನಿಯ ವಿಧಾನ. ಇಂಗಾಲದಿಂದ ಪ್ರಾಚೀನ ವಸ್ತುಗಳ ಕಾಲ ಅಳೆಯುವ ವಿಧಾನ ಆಗಷ್ಟೇ ಬಂದಿತ್ತು. ಅದೇ ಜಾಡಿನಲ್ಲಿ 1950ರ ದಶಕದಲ್ಲಿ ಅವರು ಭಾಷೆಯ ಕಾಲವನ್ನೂ ಅಳೆಯಹೊರಟರು. ಕಣ್ಣು, ಕಿವಿ, ನೀರು, ಬೆಂಕಿಯಂಥ ನೂರು ಮೂಲಪದಗಳಲ್ಲಿ ಸಾವಿರ ವರ್ಷಕ್ಕೆ ಸುಮಾರು 86 ಉಳಿದುಕೊಳ್ಳುತ್ತವೆ ಎಂಬುದು ಅವರ ಎಣಿಕೆ. ಎರಡು ಭಾಷೆಗಳಲ್ಲಿ ಒಂದೇ ಮೂಲದ ಪದ ಎಷ್ಟಿವೆ ಎಂದು ಎಣಿಸಿ ಸೂತ್ರಕ್ಕೆ ಹಾಕಿದರೆ ಅವು ಬೇರೆಯಾದ ಕಾಲ ಸಿಗಬೇಕು. ನನಗೆ ಅದು ಮಂತ್ರದಂತೆ ಕಂಡಿತು.

ಪಟ್ಟಿ ಮಾಡಿದೆ. ರಕ್ತದ ಸಾಲಿನಲ್ಲಿ ಕನ್ನಡಕ್ಕೆ ‘ನೆತ್ತರು’, ತಮಿಳಿಗೆ ‘ರತ್ತಂ’ ಎಂದು ಬರೆದು ‘ಬೇರೆ’ ಎಂದು ಗುರುತು ಹಾಕಿದೆ. ಕನ್ನಡದ ‘ಕಿವಿ’ಯ ಎದುರಿಗೆ ತಮಿಳಿನ ‘ಕಾದು’ ಬರೆದು ಅದನ್ನೂ ‘ಬೇರೆ’ ಎಂದೆ. ಒಂದೇ ಮೂಲದ ಪದ ಕಡಿಮೆಯಾದಷ್ಟೂ ಕನ್ನಡ ಮೊದಲೇ ಸ್ವತಂತ್ರವಾಯಿತೆಂದು ಲೆಕ್ಕ ಹೇಳುತ್ತದೆ. ಉತ್ತರ ಹಿಂದಕ್ಕೆ ಹೋದಹಾಗೆಲ್ಲ ನನಗೆ ಖುಷಿ. ಹೊಂದದ ಪದಗಳನ್ನೇ ಹುಡುಕಿ ಹುಡುಕಿ ಬರೆಯುತ್ತಿದ್ದೇನೆ ಎಂಬ ಅರಿವು ಆಗ ಇರಲಿಲ್ಲ.

ಕನ್ನಡ ಸಂಘದ ಸಭೆಯಲ್ಲಿ ನನ್ನ ಮಾತಿಗೆ ಚಪ್ಪಾಳೆ ಬಿತ್ತು. ಸಭೆ ಮುಗಿದ ಮೇಲೆ ಧಾರವಾಡದ ಕಡೆಯ ಹಿರಿಯರೊಬ್ಬರು ನನ್ನ ಹಾಳೆಯನ್ನು ಕೇಳಿ ಪಡೆದು ಓದಿದರು. “ನೋಡ್ರಿ ತಮ್ಮಾ, ನೆತ್ತರಿನ ಮುಂದ ರತ್ತಂ ಬರದೀರಿ. ಅದು ಸಂಸ್ಕೃತದ ರಕ್ತನ ಅಲ್ಲೇನು? ಹಳೇ ತಮಿಳಿನ್ಯಾಗ ನೆತ್ತರಿಗೆ ಏನಂತಿದ್ರು, ನೋಡೀರೇನು?” ಎಂದರು. ನೋಡಿರಲಿಲ್ಲ. ಬರೋ ಮತ್ತು ಎಮೆನೊ ಅವರ ದ್ರಾವಿಡ ವ್ಯುತ್ಪತ್ತಿ ಕೋಶ ತೆರೆದಾಗ ಹಳೆಯ ತಮಿಳಿನ ‘ನೆಯ್ತೋರ್’ ನಮ್ಮ ನೆತ್ತರಿನ ಜೊತೆಗೇ ಇತ್ತು. ತಮಿಳಿನ ‘ಸೆವಿ’ ನಮ್ಮ ಕಿವಿಯ ಒಡಹುಟ್ಟು. ಅಂಥ ಪದಗಳು ಇನ್ನೂ ಇದ್ದವು.

ಮನೆಗೆ ಬಂದು ಸೂತ್ರವನ್ನೇ ಪರೀಕ್ಷಿಸಿದೆ. ನೂರರಲ್ಲಿ 45 ಪದ ಸಮಾನವಾದರೆ ಸುಮಾರು 2,650 ವರ್ಷ. 50 ಆದರೆ 2,300. 55 ಆದರೆ 1,980. ಐದು ಪದ ಅತ್ತಿತ್ತ ಆದರೆ ಮುನ್ನೂರು ವರ್ಷಕ್ಕೂ ಹೆಚ್ಚು ಜಾರುತ್ತದೆ! ನಾನು ಹೇಳಿದ ಶತಮಾನ ನಿಂತಿದ್ದು ನನ್ನ ಪೆನ್ನಿನ ಗುರುತುಗಳ ಮೇಲೆ. ಸೂತ್ರದ ಬುಡವೂ ಗಟ್ಟಿಯಿರಲಿಲ್ಲ. ಐಸ್‌ಲ್ಯಾಂಡಿನ ಭಾಷೆ ಸಾವಿರ ವರ್ಷದಲ್ಲಿ ಬಹಳ ಕಡಿಮೆ ಬದಲಾಗಿದೆ, ಅದರ ಸೋದರ ನಾರ್ವೆಯ ಭಾಷೆ ಹೆಚ್ಚು ಬದಲಾಗಿದೆ ಎಂದು ಬರ್ಗ್ಸ್‌ಲ್ಯಾಂಡ್ ಮತ್ತು ವೋಗ್ಟ್ 1962ರಲ್ಲೇ ತೋರಿಸಿದ್ದರು. ಎಲ್ಲ ಭಾಷೆಯೂ ಒಂದೇ ವೇಗದಲ್ಲಿ ಪದ ಕಳೆದುಕೊಳ್ಳುವುದಿಲ್ಲ. 2018ರಲ್ಲಿ ಇಪ್ಪತ್ತು ದ್ರಾವಿಡ ಭಾಷೆಗಳನ್ನು ಹೊಸ ಸಂಖ್ಯಾಶಾಸ್ತ್ರದಿಂದ ಅಳೆದ ಸಂಶೋಧಕರು ಇಡೀ ಕುಟುಂಬದ ವಯಸ್ಸು ಸುಮಾರು 4,500 ವರ್ಷ ಎಂದರು. ಅವರೂ ಅದನ್ನು ಅಂದಾಜೆಂದೇ ಹೇಳಿದರು. ನನ್ನ ಮಾತಿನಲ್ಲಿ ಆ ‘ಅಂದಾಜು’ ಇರಲೇ ಇಲ್ಲ.

ಭಾಷೆಯಲ್ಲಿ ಕಾಲ ಕಾಣುವ ಬೇರೆ ದಾರಿ ಲೋಕಲ್ ರೈಲು ಹೋಗುವ ಪುಣೆಯಲ್ಲೇ ಇತ್ತು. ಯೆರವಡಾದ ಡೆಕ್ಕನ್ ಕಾಲೇಜಿನಲ್ಲಿ ಹೊನ್ನಾವರ ಮೂಲದ ಎಸ್. ಎಂ. ಕತ್ರೆ 1948ರಲ್ಲಿ ಸಂಸ್ಕೃತದ ಐತಿಹಾಸಿಕ ನಿಘಂಟಿನ ಕೆಲಸ ಶುರುಮಾಡಿದರು. ಸುಮಾರು 1,500 ಗ್ರಂಥಗಳಿಂದ ಪದಗಳನ್ನು ಹೆಕ್ಕಿ, ಎಲ್ಲಿಂದ ಬಂತು, ಯಾವ ಸಾಲಿನಲ್ಲಿದೆ ಎಂದು ಚೀಟಿಗಳಲ್ಲಿ ಬರೆದಿಟ್ಟರು. ಅಂಥ ಚೀಟಿಗಳು ಒಂದು ಕೋಟಿಯ ಆಸುಪಾಸು. ಮೊದಲ ಭಾಗ ಅಚ್ಚಾದದ್ದು 1976ರಲ್ಲಿ. ನಾಲ್ಕು ದಶಕ ದಾಟಿದರೂ ‘ಅ’ಕಾರ ಮುಗಿದಿರಲಿಲ್ಲ. ಜಿ. ಎಸ್. ಗಾಯಿಯವರ ಹಳಗನ್ನಡದ ಐತಿಹಾಸಿಕ ವ್ಯಾಕರಣವನ್ನು 1946ರಲ್ಲಿ ಪ್ರಕಟಿಸಿದ್ದೂ ಇದೇ ಸಂಸ್ಥೆ. 8, 9, 10ನೇ ಶತಮಾನದ ಶಾಸನಗಳನ್ನು ಬಿಟ್ಟು ಆಚೀಚೆ ಹೋಗದ ಪುಸ್ತಕವದು. ನಾನು ಕೆಲವು ಸಂಜೆಗಳಲ್ಲಿ ಮುಗಿಸಹೊರಟ ಕೆಲಸಕ್ಕೆ ಇವರೆಲ್ಲ ಆಯುಷ್ಯವನ್ನೇ ಕೊಟ್ಟಿದ್ದರು.

ಮುಂದಿನ ಸಭೆಯಲ್ಲಿ ನನ್ನ ಮಾತನ್ನು ಹಿಂದಕ್ಕೆ ತೆಗೆದುಕೊಂಡೆ. ಕೆಲವರಿಗೆ ಬೇಸರವಾಯಿತು. ಕನ್ನಡದ ಮಾನ ಕಳೆದೆ ಎಂದವರೂ ಇದ್ದರು. ಆದರೆ ಕನ್ನಡದ ಮಾನಕ್ಕೆ ನನ್ನ ಸುಳ್ಳು ಲೆಕ್ಕ ಯಾವತ್ತೂ ಬೇಕಿರಲಿಲ್ಲ. ಸುಮಾರು ಕ್ರಿ.ಶ. 450ರದೆಂದು ವಿದ್ವಾಂಸರು ಹೇಳುವ ಹಲ್ಮಿಡಿ ಶಾಸನವಿದೆ, 9ನೇ ಶತಮಾನದ ಕವಿರಾಜಮಾರ್ಗವಿದೆ. 1970ರಿಂದ 1995ರವರೆಗೆ ಹೊರಬಂದ ಕನ್ನಡ ಸಾಹಿತ್ಯ ಪರಿಷತ್ತಿನ ಎಂಟು ಸಂಪುಟಗಳ ನಿಘಂಟಿದೆ. ಶಾಸನ, ಕಾವ್ಯಗಳ ಪ್ರಯೋಗ ಸಮೇತ ಪದಗಳನ್ನು ಕೊಡುವ ಕೋಶ ಅದು.

ಭಾಷೆಯ ವಯಸ್ಸು ಹುಡುಕುವ ಹುಮ್ಮಸ್ಸಿರುವ ಎಳೆಯರಿಗೆ ನನ್ನದೊಂದು ವಿನಂತಿ. ಬೇಕಾದ ಉತ್ತರ ಮೊದಲೇ ಮನಸ್ಸಿನಲ್ಲಿದ್ದರೆ ಪದಪಟ್ಟಿಯನ್ನು ನೀವು ಮಾಡಬೇಡಿ. ಆ ಉತ್ತರದಿಂದ ಲಾಭವಿಲ್ಲದವರ ಕೈಗೆ ಕೊಡಿ. ಒಂದು ಪದದ ಕಾಲ ಹೇಳುವ ಮೊದಲು ಅದು ಸಿಕ್ಕ ಶಾಸನವನ್ನೋ ಓಲೆಯನ್ನೋ ನೋಡಿ. ಆಧಾರ ಎಲ್ಲಿ ಮುಗಿಯುತ್ತದೋ ಅಲ್ಲಿ ಮಾತು ನಿಲ್ಲಿಸಿ.