ಮೂಕಿ ಚಿತ್ರದ ಮರೆತ ಮುಖಗಳು

ನಮ್ಮೂರು ರಾಮನಗರ ಅಂದ ಕೂಡಲೇ ಎಲ್ಲರ ಬಾಯಲ್ಲೂ ಬರೋದು 'ಶೋಲೆ'. 1975ರ ಆ ಸಿನಿಮಾದಲ್ಲಿ ಬಂಡೆ ಮೇಲೆ ಕೂತ ಸಾಂಬಾನಿಗೆ ಇದ್ದದ್ದು ಮೂರು ಪದದ ಮಾತು. ಅಷ್ಟಕ್ಕೇ ಮ್ಯಾಕ್ ಮೋಹನ್ ಜನರ ನೆನಪಲ್ಲಿ ಉಳಿದುಬಿಟ್ಟರು. ಸರಿ, ಒಂದು ಮಾತನ್ನೂ ಆಡದೆ ನಟಿಸಿ ಹೋದವರ ಕಥೆ ಏನು?

ಕನ್ನಡ ಸಿನಿಮಾ ಮಾತಾಡಿದ್ದು 1934ರಲ್ಲಿ, 'ಸತಿ ಸುಲೋಚನ'ದಲ್ಲಿ. ಅದಕ್ಕೂ ಮೊದಲು ನಮ್ಮವರು ಮೂಕಿ ಚಿತ್ರಗಳಲ್ಲಿ ನಟಿಸಿದ್ದರು. ರಂಗಭೂಮಿಯ ಗುಬ್ಬಿ ವೀರಣ್ಣನವರೂ ಮೂಕಿ ಚಿತ್ರ ತೆಗೆದವರೇ. ಮೋಹನ್ ಭವನಾನಿ ಶೂದ್ರಕನ 'ಮೃಚ್ಛಕಟಿಕ'ವನ್ನು ಮೂಕಿ ಚಿತ್ರ ಮಾಡಿದಾಗ ಅದರಲ್ಲಿ ಏಣಾಕ್ಷಿ ರಾಮರಾವ್, ಕಮಲಾದೇವಿ ಚಟ್ಟೋಪಾಧ್ಯಾಯ, ಟಿ.ಪಿ. ಕೈಲಾಸಂ ಇದ್ದರು. ಮಾತೇ ಬಂಡವಾಳವಾಗಿದ್ದ ಕೈಲಾಸಂ ಮೂಕಿ ಚಿತ್ರದಲ್ಲಿ, ಊಹಿಸಿಕೊಳ್ಳಿ! ಕಮಲಾದೇವಿ ಅಂದರೆ ನಮಗೆ ಸ್ವಾತಂತ್ರ್ಯ ಹೋರಾಟ, ಕರಕುಶಲ ಕಲೆ. ನಟನೆಯ ವಿಷಯ ಎಷ್ಟು ಜನಕ್ಕೆ ಗೊತ್ತು?

ಇವರಲ್ಲಿ ನನಗೆ ತುಂಬಾ ಕಾಡಿದ್ದು ಏಣಾಕ್ಷಿ. ಜರ್ಮನಿಯ ಫ್ರಾಂಜ್ ಓಸ್ಟನ್ ನಿರ್ದೇಶಿಸಿದ 'ಶಿರಾಜ್' (1928) ಚಿತ್ರದಲ್ಲಿ ಮುಂದೆ ಮುಮ್ತಾಜ್ ಆಗುವ ಸೆಲಿಮಾ ಅವರೇ. ಚಿತ್ರ ಉಳಿದುಕೊಂಡಿದೆ. ಲಂಡನ್ನಿನ ಬ್ರಿಟಿಷ್ ಫಿಲ್ಮ್ ಇನ್‌ಸ್ಟಿಟ್ಯೂಟ್ ಅದನ್ನು ರಿಪೇರಿ ಮಾಡಿ, ಅನೂಷ್ಕಾ ಶಂಕರ್ ಸಂಗೀತದೊಂದಿಗೆ 2017ರಲ್ಲಿ ತೋರಿಸಿತು.

ಒಂದು ರಾತ್ರಿ ಅದನ್ನು ಅಮ್ಮನ ಜೊತೆ ಕಂಪ್ಯೂಟರಿನಲ್ಲಿ ನೋಡಿದೆ. ಅಮ್ಮ ಇಪ್ಪತ್ತು ವರ್ಷ ರೇಷ್ಮೆ ಹುರಿ ಮಾಡುವ ಕಡೆ ದುಡಿದವಳು. ಆ ಯಂತ್ರಗಳ ಗದ್ದಲದಲ್ಲಿ ಮಾತು ಕೇಳಿಸೋಲ್ಲ. ಕೈ, ಕಣ್ಣು, ತುಟಿಯಲ್ಲೇ ಸಂಸಾರದ ಸುದ್ದಿಯೆಲ್ಲ ಹಂಚಿಕೊಳ್ಳಬೇಕು. ಈಗ ಅವಳ ಕಿವಿ ಅರ್ಧ ಹೋಗಿದೆ. ಟಿವಿ ಧಾರಾವಾಹಿ ನೋಡುವಾಗ 'ಏನಂತೆ? ಏನಂತೆ?' ಅಂತ ಕೇಳ್ತಾನೇ ಇರ್ತಾಳೆ. ಅವತ್ತು ಮಾತ್ರ ಒಂದು ಸಲವೂ ಕೇಳಲಿಲ್ಲ. ನಡುವೆ ಬರುವ ಇಂಗ್ಲಿಷ್ ಅಕ್ಷರಗಳನ್ನು ಓದಿ ಹೇಳೋಕೆ ಹೋದರೆ 'ಸುಮ್ನಿರೋ, ಗೊತ್ತಾಗ್ತಿದೆ' ಅಂದಳು. ಕೊನೆಗೆ ಕಣ್ಣು ಒರೆಸಿಕೊಂಡು 'ಆ ಹುಡುಗಿ ಹೆಸರೇನು?' ಅಂದಳು. ಹೇಳಿದೆ. ಎರಡು ಸಲ ಹೇಳಿಸಿಕೊಂಡಳು.

ನಮ್ಮ ದೇಶದಲ್ಲಿ ತಯಾರಾದ ಸಾವಿರಕ್ಕೂ ಹೆಚ್ಚು ಮೂಕಿ ಚಿತ್ರಗಳಲ್ಲಿ ಉಳಿದಿರೋದು ತೀರಾ ಕೆಲವೇ. ನೈಟ್ರೇಟ್ ಫಿಲ್ಮು ಬೇಗ ಬೆಂಕಿ ಹತ್ತುತ್ತಿತ್ತು, ಇಲ್ಲ ಡಬ್ಬಿಯಲ್ಲೇ ಕೊಳೆಯುತ್ತಿತ್ತು. ಅದರಲ್ಲಿನ ಬೆಳ್ಳಿಗಾಗಿ ಕರಗಿಸಿದ್ದೂ ಉಂಟು. ಅದರ ಜೊತೆ ಮುಖಗಳೂ ಹೋದವು.

ನಿಮ್ಮ ಅಜ್ಜಿ ಮನೆಯ ಟ್ರಂಕಿನಲ್ಲಿ ಹಳೇ ನಾಟಕ, ಸಿನಿಮಾದ ಫೋಟೋ ಇದ್ದರೆ ಗುಜರಿಗೆ ಹಾಕಬೇಡಿ. ಹಿಂದೆ ಒಂದು ಹೆಸರು ಬರೆದಿಡಿ, ಸಾಕು.