ನೆರೆಮನೆಯ ಬಟ್ಟಲು

ನೆರೆಯವಳು ಕೊಟ್ಟ ಉಡುಗೊರೆ ಎಷ್ಟೇ ಅಲ್ಪವಾಗಿದ್ದರೂ ಅದನ್ನು ಕೀಳಾಗಿ ಕಾಣಬಾರದೆಂದು ಪ್ರವಾದಿಯವರು(ಸ) ಸ್ತ್ರೀಯರಿಗೆ ವಿಶೇಷವಾಗಿ ತಾಕೀತು ಮಾಡಿದ್ದಾರೆ. ಈ ಹದೀಸನ್ನು ನಾನು ಮದ್ರಸದಲ್ಲಿ ಕಲಿತೆ. ಎಷ್ಟೋ ವರ್ಷಗಳಿಂದ ಮಕ್ಕಳಿಗೆ ಕಲಿಸುತ್ತಲೂ ಇದ್ದೇನೆ. ಆದರೆ ಅದು ನನಗೆ ನಿಜವಾಗಿ ಅರ್ಥವಾದದ್ದು ಜರ್ಮನಿಯಲ್ಲಿ, ಒಂದು ಬಟ್ಟಲು ಎಲೆಕೋಸಿನಿಂದ.

2018ರ ದಸರಾ ರಜೆಗೆ ಇನ್ನಷ್ಟು ರಜೆ ಸೇರಿಸಿಕೊಂಡು ತಂಗಿಯ ಬಾಣಂತನಕ್ಕೆಂದು ಅಲ್ಲಿಗೆ ಹೋಗಿದ್ದೆ. ಅವಳ ಮನೆ ಇರುವುದು ಸ್ಟುಟ್‌ಗಾರ್ಟ್ ನಗರದ ಪಕ್ಕದ ಫಿಲ್ಡರ್ ಎಂಬ ಬಯಲಿನಲ್ಲಿ. ಆ ಬಯಲು ಎಲೆಕೋಸಿಗೆ ಹೆಸರುವಾಸಿ. ಅಲ್ಲಿಯ ಕೋಸು ನಮ್ಮದರಂತೆ ಗುಂಡಗಿರುವುದಿಲ್ಲ, ತುದಿ ಚೂಪಾಗಿರುತ್ತದೆ. ಅಕ್ಟೋಬರ್‌ನಲ್ಲಿ ಕೋಸಿನ ಹೆಸರಿನಲ್ಲೇ ಒಂದು ಹಬ್ಬ ನಡೆಯುತ್ತದೆ.

ನಾನು ಹೋದ ಮೂರನೆಯ ದಿನ ಮೇಲಿನ ಮಹಡಿಯ ಅಜ್ಜಿ ಬಾಗಿಲು ತಟ್ಟಿದರು. ಕೈಯಲ್ಲಿ ಮುಚ್ಚಿದ ಬಟ್ಟಲು. ತಂಗಿ ಮಲಗಿದ್ದಳು. ಅಜ್ಜಿ ಜರ್ಮನ್ ಭಾಷೆಯಲ್ಲಿ ಏನೇನೋ ಹೇಳಿದರು, ನಕ್ಕರು. ನಾನೂ ನಕ್ಕು ತೆಗೆದುಕೊಂಡೆ. ಮುಚ್ಚಳ ತೆರೆದರೆ ಹುಳಿ ವಾಸನೆ! ಹಳಸಿದ ಕೋಸೆಂದೇ ಭಾವಿಸಿದೆ. ಇದಕ್ಕೆ ಹಂದಿಯ ಕೊಬ್ಬು ಹಾಕುತ್ತಾರೆಂದೂ ಕೇಳಿದ್ದೆ. ಅಲ್ಲದೆ ಬಾಣಂತಿಗೆ ಯಾರಾದರೂ ಕೋಸು ಕೊಡುತ್ತಾರೆಯೇ? ನೇರವಾಗಿ ಕೆಳಗಿಳಿದು ಕಸದ ಡಬ್ಬಕ್ಕೆ ಸುರಿದೆ. ತಿರುಗಿ ನೋಡಿದರೆ ಅಜ್ಜಿ ತಮ್ಮ ಮನೆಯ ಕಸ ಹಿಡಿದು ನಿಂತಿದ್ದಾರೆ. ಅವರು ಏನೂ ಹೇಳಲಿಲ್ಲ. ನನ್ನ ಕೈಯಲ್ಲಿದ್ದ ಖಾಲಿ ಬಟ್ಟಲನ್ನೊಮ್ಮೆ ನೋಡಿ ಮೆಟ್ಟಿಲು ಹತ್ತಿದರು.

ವಿಷಯ ತಿಳಿದು ತಂಗಿ ಅತ್ತೇಬಿಟ್ಟಳು. "ಆಪಾ, ನನಗೆ ನೋವು ಬಂದ ರಾತ್ರಿ ಇವರು ಊರಲ್ಲಿರಲಿಲ್ಲ. ಆಂಬುಲೆನ್ಸ್ ಬರುವವರೆಗೆ ಕೈ ಹಿಡಿದು ಕೂತಿದ್ದವರು ಆ ಅಜ್ಜಿ. ನಾವು ಏನು ತಿನ್ನುವುದಿಲ್ಲವೆಂದು ಕೇಳಿ ತಿಳಿದುಕೊಂಡು, ನಮಗಾಗಿ ಬೇರೆ ಪಾತ್ರೆಯಲ್ಲಿ ಎಣ್ಣೆ ಹಾಕಿ ಬೇಯಿಸುತ್ತಾರೆ. ನನ್ನನ್ನು ಎಬ್ಬಿಸಿ ಕೇಳಬಾರದಿತ್ತೇ?"

ಹಲಾಲ್ ಹರಾಮ್ ವಿಚಾರಿಸುವುದು ತಪ್ಪಲ್ಲ, ಅದು ನಮ್ಮ ಕರ್ತವ್ಯ. ಆದರೆ ನಾನು ವಿಚಾರಿಸಲೇ ಇಲ್ಲವಲ್ಲ! ವಾಸನೆಯಿಂದಲೇ ತೀರ್ಪು ಕೊಟ್ಟಿದ್ದೆ.

ಸಂಜೆ ಅದೇ ಬಟ್ಟಲನ್ನು ತೊಳೆದು, ಶಾವಿಗೆ ಪಾಯಸ ತುಂಬಿಸಿ, ತಂಗಿಯ ಗಂಡನನ್ನು ಕರೆದುಕೊಂಡು ಮೇಲೆ ಹೋದೆ. ಅವನ ಮೂಲಕ ಕ್ಷಮೆ ಕೇಳಿದೆ. ಅಜ್ಜಿ ಸ್ವಲ್ಪ ಹೊತ್ತು ಸುಮ್ಮನಿದ್ದರು. ಆಮೇಲೆ, "ನಾಳೆ ಬನ್ನಿ, ಮಾಡುವುದನ್ನು ನೋಡಿ, ಆಮೇಲೆ ಬೇಕಾದರೆ ತಿನ್ನಿ" ಎಂದರು.

ಮರುದಿನ ಹೋದೆ. ಸೌವರ್‌ಕ್ರೌಟ್ ಹಳಸಿದ ಪದಾರ್ಥವೇ ಅಲ್ಲ. ಒಂದು ಕಿಲೋ ಕೋಸನ್ನು ನೂಲಿನಂತೆ ಹೆಚ್ಚಿ 20 ಗ್ರಾಂ ಉಪ್ಪು ಹಾಕಿ, ನೀರು ಬಿಡುವವರೆಗೆ ಕೈಯಿಂದ ಹಿಸುಕಬೇಕು. ಜಾಡಿಗೆ ಒತ್ತಿ ತುಂಬಿ ಮೇಲೆ ಭಾರವಿಟ್ಟು, ಕೋಸು ತನ್ನದೇ ನೀರಿನಲ್ಲಿ ಮುಳುಗಿರುವಂತೆ ನೋಡಿಕೊಳ್ಳಬೇಕು. ಗಾಳಿ ಹೊರಹೋಗಲು ಮುಚ್ಚಳ ಸಡಿಲವಾಗಿರಲಿ. ಒಂದು ವಾರ ಹೊರಗಿಟ್ಟು, ಆಮೇಲೆ ನಾಲ್ಕೈದು ವಾರ ತಣ್ಣಗಿನ ಜಾಗದಲ್ಲಿ ಇಡುತ್ತಾರೆ. ವಿನೆಗರ್ ಬೇಡ. ನಮ್ಮ ಇಡ್ಲಿ ಹಿಟ್ಟನ್ನು ಹುಳಿ ಬರಿಸುವಂತಹ ಸೂಕ್ಷ್ಮಜೀವಿಗಳೇ ಇಲ್ಲಿಯೂ ಕೆಲಸ ಮಾಡುತ್ತವೆ. 1768ರಲ್ಲಿ ಹೊರಟ ಕ್ಯಾಪ್ಟನ್ ಕುಕ್‌ನ ಹಡಗಿನಲ್ಲಿ ನಾವಿಕರನ್ನು ಸ್ಕರ್ವಿ ರೋಗದಿಂದ ಕಾಪಾಡಲು ಇದನ್ನೇ ಒಯ್ದಿದ್ದರು.

ಹುಳಿ ಮೃದುವಾಗಬೇಕಾದರೆ ಹೀಗೆ ಮಾಡಿ. ಅರ್ಧ ಕಿಲೋ ಹುಳಿಕೋಸನ್ನು ಒಮ್ಮೆ ತಣ್ಣೀರಿನಲ್ಲಿ ತೊಳೆದು ಹಿಂಡಿ. ಎರಡು ಚಮಚ ಎಣ್ಣೆ ಅಥವಾ ಬೆಣ್ಣೆಯಲ್ಲಿ ಒಂದು ಈರುಳ್ಳಿಯನ್ನು ಕೆಂಪಾಗದಂತೆ ಬಾಡಿಸಿ. ಹೆಚ್ಚಿದ ಒಂದು ಸೇಬು, ಕೋಸು, ಒಂದು ಪಲಾವ್ ಎಲೆ, ನಾಲ್ಕು ಕಾಳುಮೆಣಸು, ಒಂದು ಲೋಟ ನೀರು ಹಾಕಿ ಸಣ್ಣ ಉರಿಯಲ್ಲಿ ಅರ್ಧ ಗಂಟೆ ಬೇಯಿಸಿ. ಬಳಿಕ ಒಂದು ಸಣ್ಣ ಹಸಿ ಆಲೂಗಡ್ಡೆ ತುರಿದು ಸೇರಿಸಿ ಇನ್ನೂ ಹತ್ತು ನಿಮಿಷ ಬಿಡಿ. ಇದು ಹುಳಿಯನ್ನು ತಗ್ಗಿಸಿ ಗಟ್ಟಿ ಮಾಡುತ್ತದೆ. ಕೊನೆಗೆ ಚಿಟಿಕೆ ಸಕ್ಕರೆ. ಬೇಯಿಸಿ ಕಿವುಚಿದ ಆಲೂಗಡ್ಡೆಯ ಜೊತೆ ಚೆನ್ನಾಗಿರುತ್ತದೆ. ನೀರಿನ ಬದಲು ವೈನ್, ಎಣ್ಣೆಯ ಬದಲು ಹಂದಿಕೊಬ್ಬು ಹಾಕುವ ಮನೆಗಳು ಅಲ್ಲಿ ಬಹಳ. ವೈನ್ ಸೇರಿಸಿದ ಸಿದ್ಧ ಬಾಟಲಿಗಳೂ ಸಿಗುತ್ತವೆ. ಆದ್ದರಿಂದ ವಿದೇಶದಲ್ಲಿರುವ ಸಹೋದರಿಯರು ಚೀಟಿ ಓದದೆ ಕೊಳ್ಳಬಾರದು.

ಅಜ್ಜಿಯ ಅಡುಗೆಮನೆಯಲ್ಲಿ ಕುಳಿತು ಮೊದಲ ತುತ್ತು ತಿಂದೆ. ನಿಜ ಹೇಳಬೇಕೆಂದರೆ ಅಷ್ಟೇನೂ ಹಿಡಿಸಲಿಲ್ಲ. ಎರಡನೆಯ ದಿನ ಹಿಡಿಸಿತು. ತಂಗಿಗೂ ನಾನೇ ಎರಡು ಚಮಚ ಬಡಿಸಿದೆ. ಅಲ್ಹಮ್ದುಲಿಲ್ಲಾಹ್, ಏನೂ ಆಗಲಿಲ್ಲ!

ಈಗ ಊರಿನಲ್ಲಿ ಗುಂಡು ಕೋಸಿನಿಂದಲೇ ಮಾಡುತ್ತೇನೆ. ನಮ್ಮ ಸೆಕೆಗೆ ಬೇಗನೆ ಹುಳಿಯಾಗುವುದರಿಂದ ದಿನವೂ ರುಚಿ ನೋಡಿ, ಸಾಕೆನಿಸಿದಾಗ ಫ್ರಿಜ್ಜಿಗೆ ಸೇರಿಸುತ್ತೇನೆ. ನೆರೆಮನೆಗೆ ಕಳಿಸುವಾಗ ಅದರಲ್ಲಿ ಏನೇನಿದೆಯೆಂದು ಮೊದಲೇ ಹೇಳಿಬಿಡುತ್ತೇನೆ. ಮದ್ರಸದಲ್ಲಿ ಆ ಹದೀಸ್ ಬಂದಾಗ ಮಕ್ಕಳಿಗೆ ಈ ಕಥೆಯನ್ನೂ ಹೇಳುತ್ತೇನೆ. ಕಸದ ಡಬ್ಬದ ಭಾಗವನ್ನು ಬಿಡದೆ.