ಅಕ್ಕನ ಎಂಟ್ರಿಗೆ ಯಾವ ಮ್ಯೂಸಿಕ್?

ನಮ್ಮ ಕಡೆ ಮದುವೆಗಳಲ್ಲಿ ಜಗಳ ಆಗೋದು ಸಾಮಾನ್ಯವಾಗಿ ಊಟದ ವಿಷಯಕ್ಕೆ, ಇಲ್ಲಾಂದ್ರೆ ಬೀಗರ ಆಯೇರಿ ವಿಷಯಕ್ಕೆ. ನಮ್ಮ ಮನೇಲಿ ಆಗಿದ್ದು ಒಂದೂವರೆ ನಿಮಿಷದ ಮ್ಯೂಸಿಕ್ ವಿಷಯಕ್ಕೆ.

ನಾವು ಸೇಡಂನವರು, ಮಾಮಾ ಚಿಂಚೋಳಿಯವರು. ಅಕ್ಕನ ಗಂಡನಿಗೆ ನಾವು ಮಾಮಾ ಅಂತೀವಿ, ಬೆಂಗಳೂರು ಕಡೆಯ ಫ್ರೆಂಡ್ಸ್ ಭಾವ ಅಂತ ಓದಿಕೊಳ್ಳಿ. ಇಬ್ರೂ ಹ್ಯಾರಿ ಪಾಟರ್, ಲಾರ್ಡ್ ಆಫ್ ದ ರಿಂಗ್ಸ್ ಹುಚ್ಚಿನವರು. ಬೆಳಗ್ಗೆ ಅಕ್ಕಿಕಾಳು ಪದ್ಧತಿ ಪ್ರಕಾರ, ಸಂಜೆ ರಿಸೆಪ್ಷನ್ ಮಾತ್ರ ಫ್ಯಾಂಟಸಿ ಥೀಮ್ ಅಂತ ಒಪ್ಪಂದ ಆಯ್ತು. ಡೆಕೋರೇಷನ್‌ನವನು ಕಳಿಸಿದ ಥರ್ಮಾಕೋಲ್ ಕೋಟೆಯ ಫೋಟೋ ನೋಡಿ ಅಪ್ಪ, "ಮಳಖೇಡದಾಗ ಖರೇ ಕೋಟಿ ಅದ, ನೀವು ರೊಕ್ಕಾ ಕೊಟ್ಟು ಸುಳ್ಳು ಕೋಟಿ ಕಟ್ಟಸ್ಲಾಕತ್ತೀರಿ" ಅಂದ್ರು. ಮಾತು ಖರೇನೇ. ರಾಷ್ಟ್ರಕೂಟರ ರಾಜಧಾನಿ ಮಾನ್ಯಖೇಟ ಅಂದ್ರೆ ನಮ್ಮ ತಾಲೂಕಿನ ಮಳಖೇಡ. ಕವಿರಾಜಮಾರ್ಗ ಹುಟ್ಟಿದ್ದು ಅಮೋಘವರ್ಷನ ಆಸ್ಥಾನದಲ್ಲಿ. ಆದರೆ ಅಲ್ಲಿ ರಿಸೆಪ್ಷನ್ ಮಾಡೋಕಾಗಲ್ಲವಲ್ಲ! ಹಾಲ್ ಸಿಕ್ಕಿದ್ದು ಚಿತ್ತಾಪುರದಲ್ಲಿ.

ನನಗೆ ಕೊಟ್ಟ ಕೆಲಸ ಎಂಟ್ರಿ ಮ್ಯೂಸಿಕ್ ಹುಡುಕೋದು. ಇಂಜಿನಿಯರಿಂಗ್ ಸ್ಟೂಡೆಂಟ್ ಆದ್ಮೇಲೆ ಮೊದಲು ಅಳತೆ ಮಾಡಬೇಕಲ್ವಾ? ಹಾಲ್‌ನ ನೆಲಕ್ಕೆ ಎರಡೆರಡು ಅಡಿಯ ಶಹಾಬಾದ್ ಕಲ್ಲು ಹಾಕಿದ್ದಾರೆ. ಬಾಗಿಲಿಂದ ಸ್ಟೇಜ್‌ವರೆಗೆ 34 ಕಲ್ಲು ಎಣಿಸಿದೆ, ಅಂದ್ರೆ 68 ಅಡಿ. ಭಾರದ ಸೀರೆ ಉಟ್ಟವರು ಒಂದು ಸೆಕೆಂಡಿಗೆ ಒಂದು ಅಡಿ ನಡೆದರೆ 68 ಸೆಕೆಂಡ್. ಫೋಟೋಗ್ರಾಫರ್ ಎರಡು ಸಲ ನಿಲ್ಲಿಸೇ ನಿಲ್ಲಿಸ್ತಾನೆ. ಒಟ್ಟು ಒಂದೂವರೆ ನಿಮಿಷ.

ಆಮೇಲೆ ಪಟ್ಟಿ ಮಾಡಿದೆ. ಮೊದಲನೆಯದು ಹ್ಯಾರಿ ಪಾಟರ್‌ಗೆ ಜಾನ್ ವಿಲಿಯಮ್ಸ್ ಮಾಡಿದ ಹೆಡ್ವಿಗ್ಸ್ ಥೀಮ್. ಚಂದ ಇದೆ, ಆದರೆ ಮಧ್ಯರಾತ್ರಿ ಗೂಬೆ ಹಾರಿದ ಹಾಗೆ ಇದೆ. ಎರಡನೆಯದು ಗೇಮ್ ಆಫ್ ಥ್ರೋನ್ಸ್‌ನ ಟೈಟಲ್ ಮ್ಯೂಸಿಕ್. ರಮಿನ್ ಜವಾದಿ ಮಾಡಿದ್ದು, ಉದ್ದ ಸರಿಯಾಗಿ ಹೊಂದುತ್ತೆ. ಆದರೆ ಡಿಜೆ ಅದೇ ಸೀರೀಸ್‌ನ ರೇನ್ಸ್ ಆಫ್ ಕ್ಯಾಸ್ಟಮಿಯರ್ ಕೂಡ ಪ್ಲೇಲಿಸ್ಟ್‌ಗೆ ಹಾಕಿದ್ದ. ನೋಡಿದವರಿಗೆ ಗೊತ್ತು, ಮದುವೆ ಊಟದ ನಡುವೆ ಆ ಟ್ಯೂನ್ ಶುರುವಾದ ಮೇಲೆ ಅಲ್ಲಿ ಹೆಣಗಳು ಬೀಳ್ತವೆ. ಅದನ್ನ ತಕ್ಷಣ ಡಿಲೀಟ್ ಮಾಡಿಸಿದೆ. ವಾಡಿ ಕಾಕಾನ ವೋಟು ಕೀರವಾಣಿಯವರ ಬಾಹುಬಲಿಗೆ. "ಅದ್ರಾಗ ಕುದರಿ, ಆನಿ ಎಲ್ಲಾ ಅವ" ಅನ್ನೋದು ಅವರ ಕಾರಣ.

ಹುಡುಕ್ತಾ ಹೋದಾಗ ಒಂದು ಮಜಾ ವಿಷಯ ಸಿಕ್ತು. ಇಂಗ್ಲಿಷ್ ಸಿನಿಮಾಗಳ ಮದುವೆ ಸೀನ್‌ನಲ್ಲಿ ಕೇಳೋ ಎರಡು ಫೇಮಸ್ ಟ್ಯೂನ್‌ಗಳೂ ಫ್ಯಾಂಟಸಿ ಕಥೆಗಳಿಂದಲೇ ಬಂದವು. ಮೆಂಡೆಲ್ಸನ್ 1842ರಲ್ಲಿ ವೆಡ್ಡಿಂಗ್ ಮಾರ್ಚ್ ಬರೆದಿದ್ದು ಶೇಕ್ಸ್‌ಪಿಯರ್‌ನ ಎ ಮಿಡ್‌ಸಮ್ಮರ್ ನೈಟ್ಸ್ ಡ್ರೀಮ್ ನಾಟಕಕ್ಕೆ. ಅದರಲ್ಲಿ ಯಕ್ಷಿಣಿಯರು, ಕತ್ತೆ ತಲೆಯ ಮನುಷ್ಯ ಎಲ್ಲ ಇದ್ದಾರೆ. 1858ರಲ್ಲಿ ವಿಕ್ಟೋರಿಯಾ ರಾಣಿಯ ಹಿರಿಯ ಮಗಳ ಮದುವೇಲಿ ನುಡಿಸಿದ ಮೇಲೆ ಅದು ಎಲ್ಲರ ಮದುವೆಗೂ ಬಂತು. ಇನ್ನೊಂದು ವಾಗ್ನರ್‌ನ ಲೋಹೆನ್‌ಗ್ರಿನ್ ಒಪೇರಾದ್ದು, 1850ರಲ್ಲಿ ಮೊದಲ ಪ್ರದರ್ಶನ. ಹಂಸ ಎಳೆಯೋ ದೋಣಿಯಲ್ಲಿ ಬರೋ ವೀರನ ಕಥೆ. ಆ ಹಾಡು ಮುಗಿದ ಸ್ವಲ್ಪ ಹೊತ್ತಿಗೇ ಹುಡುಗಿ ಕೇಳಬಾರದ ಪ್ರಶ್ನೆ ಕೇಳಿ ಮದುವೆನೇ ಮುರಿದು ಬೀಳುತ್ತೆ. ಜನ ಕಥೆ ಮರೆತು ಟ್ಯೂನ್ ಇಟ್ಟುಕೊಂಡಿದ್ದಾರೆ!

ಇದನ್ನ ಆಯಿಗೆ ಹೇಳಿದೆ. "ಇದ್ರಾಗೇನ್ ಹೊಸಾದು? ನಾ ಮಾಯಾಬಜಾರ್ ನೋಡಿಲ್ಲೇನು?" ಅಂದಳು. ತೆಲಂಗಾಣದ ಗಡಿ ಹತ್ತಿರ ಇರೋದ್ರಿಂದ ನಮ್ಮೂರಲ್ಲಿ ತೆಲುಗು ಸಿನಿಮಾ ಮನೆಯ ಸಿನಿಮಾ ಇದ್ದಂಗೆ. 1957ರ ಮಾಯಾಬಜಾರ್‌ನಲ್ಲಿ ಘಟೋತ್ಕಚನೇ ಮದುಮಗಳಾಗಿ ಕೂರ್ತಾನೆ. ಇದಕ್ಕಿಂತ ದೊಡ್ಡ ಫ್ಯಾಂಟಸಿ ವೆಡ್ಡಿಂಗ್ ಯಾವುದಿದೆ?

ಕೊನೆಗೆ ಅಕ್ಕ ಆರಿಸಿದ್ದು ಹೋವರ್ಡ್ ಶೋರ್ ಅವರ ಕನ್ಸರ್ನಿಂಗ್ ಹಾಬಿಟ್ಸ್. ಮನೆ, ಹೊಲ, ಊಟ ಬಿಟ್ಟು ಹೊರಗೆ ಹೋಗೋಕೆ ಇಷ್ಟ ಇಲ್ಲದ ಪುಟ್ಟ ಜನರ ಸಂಗೀತ. ಮನೆ ಬಿಟ್ಟು ಹೋಗೋ ದಿನ ಅವಳು ಅದನ್ನೇ ಯಾಕೆ ಆರಿಸಿದಳು ಅಂತ ನಾನು ಕೇಳಲಿಲ್ಲ. ಅವಳ ಇನ್ನೊಂದು ಮಾತಿಗೆ ಮಾತ್ರ ಎಲ್ಲರೂ ಸುಮ್ಮನಾದ್ರು. "ಸ್ಪೀಕರ್ ಬ್ಯಾಡ. ಮುಂಜಾನಿ ಬಾರಸೋ ಸನಾದಿಯವರೇ ನನ್ನ ಮುಂದ ಬಾರಸ್ಕೋತ ಒಳಗ ಬರ್ಲಿ."

ಒಳಗ ಅನ್ನೋ ಪದದಲ್ಲೇ ಎಲ್ಲಾ ಇತ್ತು. ನಮ್ಮನೆ ಮದುವೆಗಳಲ್ಲಿ ಬಾಜಾದವರು ಬಾಗಿಲವರೆಗೆ ಬರ್ತಾರೆ, ಅಲ್ಲೇ ನಿಲ್ತಾರೆ. ಚಿಕ್ಕಂದಿನಿಂದ ನೋಡಿದ್ದೀನಿ, ಜಾಗ ಸಾಲದೆ ನಿಲ್ತಾರೆ ಅಂದ್ಕೊಂಡಿದ್ದೆ. ಮನೆಯ ಹಿರಿಯರೊಬ್ರು, "ಅದು ಪದ್ಧತಿ ಅಲ್ಲ, ಮಂದಿ ಏನಂತಾರ?" ಅಂದ್ರು. ಅಕ್ಕ ತಣ್ಣಗೆ, "ಡ್ರ್ಯಾಗನ್ ನಿಲ್ಲಸೋದು ಯಾವ ಪದ್ಧತಿರಿ? ಸಂಜಿ ಕಾರ್ಯಕ್ರಮಕ್ಕ ಪದ್ಧತಿನೇ ಇಲ್ಲಲ್ಲ" ಅಂದಳು. ಅಪ್ಪ ಹೂಂ ಅನ್ನಲಿಲ್ಲ, ಬ್ಯಾಡ ಅಂತಾನೂ ಅನ್ನಲಿಲ್ಲ. ಸನಾದಿಯವರಿಗೆ ಫೋನ್ ಮಾಡೋಕೆ ನನಗೆ ಅಷ್ಟು ಸಾಕಾಗಿತ್ತು.

ಅವರು ಶಹಾಬಾದ್ ಹತ್ತಿರದ ಹಳ್ಳಿಯವರು. ಮೊಬೈಲ್‌ನಲ್ಲಿ ಟ್ಯೂನ್ ಕೇಳಿಸಿದೆ. ಶುರುವಿನ ಸ್ವರಗಳು ಸ ರಿ ಗ ಪ ಗ ರಿ ಸ, ಎಲ್ಲಾ ನಮ್ಮ ಭೂಪ್ ರಾಗದಲ್ಲೂ ಇರೋವೇ. ಹಿರಿಯ ಕಲಾವಿದರು, "ಇನ್ನೊಮ್ಮಿ ಹಚ್ಚು ತಮ್ಮಾ" ಅಂದ್ರು. ಮೂರನೇ ಸಲಕ್ಕೆ ಅವರೇ ನುಡಿಸ್ತಿದ್ರು, ನನ್ನ ಮೊಬೈಲ್ ಬೇಕಾಗಲಿಲ್ಲ.

ಆ ಸಂಜೆ ನನ್ನ ಲೆಕ್ಕ ಕೆಲಸಕ್ಕೆ ಬರಲಿಲ್ಲ, ಬೇಕಾಗಿಯೂ ಇರಲಿಲ್ಲ. ರೆಕಾರ್ಡ್ ಹಾಕಿದರೆ ನಡೆಯೋರು ಸಂಗೀತಕ್ಕೆ ಹೊಂದಿಕೊಳ್ಳಬೇಕು. ಇಲ್ಲಿ ಸಂಗೀತವೇ ಅಕ್ಕನಿಗೆ ಹೊಂದಿಕೊಳ್ತು. ಸೆರಗು ಸಿಕ್ಕಿಕೊಂಡು ಅವಳು ನಿಂತಾಗ ಅವರು ಅದೇ ಸಾಲನ್ನ ಮತ್ತೆ ಮತ್ತೆ ನುಡಿಸಿದ್ರು, ಅವಳು ನಡೆದಾಗ ಮುಂದಿನ ಸಾಲಿಗೆ ಹೋದ್ರು. ಚಿಂಚೋಳಿ ಕಡೆಯವರು ಇದು ಯಾವ ವಚನದ ಧಾಟಿ ಅಂತ ಕೇಳಿದ್ರು. ಮುಂದಿನ ಸಾಲಲ್ಲಿ ಕೂತಿದ್ದ ಇಬ್ಬರು ಹಿರಿಯರು ಎದ್ದು ಹೊರಗೆ ಹೋದ್ರು. ಅದನ್ನೂ ಬರೀಬೇಕು, ನಡೆದದ್ದು ಅದು.

ಊಟದ ಹೊತ್ತಿಗೆ ಸನಾದಿಯವರು ಯಾವತ್ತಿನ ಹಾಗೆ ಹಾಲ್‌ನ ಹಿಂದೆ ಕೂತಿದ್ರು. ಅಪ್ಪನೇ ಹೋಗಿ, "ಒಳಗ ಬರ್ರಿ" ಅಂತ ಕರೆದ್ರು. ಹುಡುಗರಿಬ್ಬರು ಬಂದ್ರು. ಹಿರಿಯರು ಮಾತ್ರ, "ಇರ್ಲಿ ಬಿಡ್ರಿ, ಇಲ್ಲೇ ಆರಾಮ ಅದ" ಅಂದ್ರು. ಅಪ್ಪ ಒಂದು ನಿಮಿಷ ಅಲ್ಲೇ ನಿಂತಿದ್ದು, ಆಮೇಲೆ ತಮ್ಮ ತಾಟು ತಗೊಂಡು ಬಂದು ಅವರ ಪಕ್ಕ ಕೂತರು.

ನಿಮ್ಮ ಮನೇಲೂ ಯಾರದಾದ್ರೂ ರಿಸೆಪ್ಷನ್ ಇದ್ದರೆ ಯಾವ ಟ್ಯೂನ್ ಬೇಕಾದ್ರೂ ಆರಿಸಿಕೊಳ್ಳಿ. ನುಡಿಸೋರು ಯಾವ ಬಾಗಿಲವರೆಗೆ ಬರ್ತಾರೆ ಅಂತ ಮಾತ್ರ ಒಂದ್ಸಲ ನೋಡಿ.